ಜಿಂಕೆ ಹೋಯಿತು, ಹುಳಿ ಉಳಿಯಿತು



ಜಿಂಕೆ ಮಾಂಸದಲ್ಲಿ ಕೊಬ್ಬು ಕಡಿಮೆ, ಕಾಡಿನ ವಾಸನೆ ಹೆಚ್ಚು. ಹಣ್ಣಿನ ಹುಳಿ ಅದಕ್ಕೆ ಚೆನ್ನಾಗಿ ಒಗ್ಗುತ್ತದೆ. ಇಂಗ್ಲೆಂಡಿನ ಮನೆಗಳಲ್ಲಿ ರೆಡ್ ಕರಂಟ್ ಹಣ್ಣಿನ ಜೆಲ್ಲಿ, ಸ್ವೀಡನ್ನಿನಲ್ಲಿ ಲಿಂಗನ್ ಹಣ್ಣಿನ ಗೊಜ್ಜು ಅದರ ಜೊತೆಗಾರ. ಕೊಡಗಿನಲ್ಲಿ ಆ ಸ್ಥಾನ ಕಾಚಂಪುಳಿಯದು.

ಮಲೆನಾಡಿನವರು ಉಪ್ಪಾಗೆ ಎನ್ನುವ ಹಣ್ಣೇ ಇದರ ಮೂಲ. ಮಳೆಗಾಲದಲ್ಲಿ ಉದುರಿದ ಹಣ್ಣುಗಳನ್ನು ಬುಟ್ಟಿಯಲ್ಲಿಟ್ಟರೆ ರಸ ಕೆಳಗಿನ ಪಾತ್ರೆಗೆ ತೊಟ್ಟಿಕ್ಕುತ್ತದೆ. ಅದನ್ನು ಕಾಯಿಸಿ ಬತ್ತಿಸಿದರೆ ಕಪ್ಪಗಿನ, ಮಂದವಾದ ಹುಳಿ ಸಿದ್ಧ. ಕಾಳುಮೆಣಸು, ಕೊತ್ತಂಬರಿ, ಜೀರಿಗೆ ಹುರಿದು ಪುಡಿಮಾಡಿ ಹಾಕಿ ಬೇಯಿಸಿದ ಮಾಂಸಕ್ಕೆ, ಒಲೆಯಿಂದ ಇಳಿಸುವ ಮುನ್ನ ಒಂದೆರಡು ಚಮಚ ಸಾಕು.

ಕೊಡವರಿಗೆ ಬೇಟೆ ಬರೀ ಊಟದ ಮಾತಾಗಿರಲಿಲ್ಲ. ಕೈಲ್ ಪೊಳ್ದ್ ಹಬ್ಬದಲ್ಲಿ ಕೋವಿಗೆ ಪೂಜೆ ಸಲ್ಲುವುದು ಇಂದಿಗೂ ಉಂಟು. ಆದರೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬೇಟೆಗೆ ಕಡಿವಾಣ ಹಾಕಿತು; 1991ರ ತಿದ್ದುಪಡಿ ಪರವಾನಗಿ ಪಡೆದು ಆಡುವ ಬೇಟೆಯ ಬಾಗಿಲನ್ನೂ ಮುಚ್ಚಿತು. ಇಂದು ಜಿಂಕೆ ಮಾಂಸ ಬೇಯಿಸುವುದಿರಲಿ, ಮನೆಯಲ್ಲಿಟ್ಟುಕೊಳ್ಳುವುದೂ ಅಪರಾಧ.

ಹಾಗೆಂದು ಕಾಚಂಪುಳಿ ಅಡುಗೆಮನೆ ಬಿಟ್ಟು ಹೋಗಲಿಲ್ಲ. ಸಾಕಿದ ಹಂದಿಯ ಪಂದಿಕರಿಗೆ ಬಣ್ಣವನ್ನೂ ರುಚಿಯನ್ನೂ ಕೊಡುವುದು ಅದೇ. ಜೊತೆಗೆ ಕಡಂಬುಟ್ಟು ಇದ್ದರೆ ಊಟಕ್ಕೊಂದು ಕಳೆ. ಬೇಟೆಯ ದಿನಗಳನ್ನು ಕಂಡ ಹಿರಿಯರಿಗೆ ಇದು ನಷ್ಟವೆನಿಸಿದರೆ ತಪ್ಪೆನ್ನಲಾಗದು. ಆದರೆ ಜಿಂಕೆ ಮೇಯುವ ಪಶ್ಚಿಮ ಘಟ್ಟದ ಕಾಡಿನಲ್ಲೇ ಉಪ್ಪಾಗೆಯೂ ಬೆಳೆಯುತ್ತದೆ. ಕಾಡು ಉಳಿದರೆ ಮರ, ಮರ ಉಳಿದರೆ ಹುಳಿ. ಕೋವಿಯನ್ನು ಕೆಳಗಿಟ್ಟಿದ್ದರಿಂದ ಕೊಡಗಿನ ಅಡುಗೆ ಬಡವಾಗಲಿಲ್ಲ. ಕಾಡು ಕರಗಿದರೆ ಮಾತ್ರ ಬಡವಾದೀತು.