ಕಷ್ಟಕಾಲದಲ್ಲಿ ಮನೆ ನಿಂತದ್ದು ಹೇಗೆ?

(ಸಂಘದ ಬೆಳ್ಳಿಹಬ್ಬದ ಸಭೆಯಲ್ಲಿ ನಿರ್ದೇಶಕರೊಬ್ಬರು ಮಾಡಿದ ಭಾಷಣ)



ಸಂಘ ಬೆಳೆದು ಬಂದ ದಾರಿಯನ್ನು ಕಾರ್ಯದರ್ಶಿಗಳು ವರದಿಯಲ್ಲಿ ಓದಿದ್ದಾರೆ. ಎಷ್ಟು ಲೀಟರು, ಎಷ್ಟು ಲಾಭ, ಎಷ್ಟು ಬೋನಸ್ಸು ಎಂಬುದೆಲ್ಲ ಅದರಲ್ಲಿದೆ. ಅದನ್ನೇ ಮತ್ತೆ ಹೇಳಿ ತಮ್ಮ ಊಟದ ಹೊತ್ತು ಮೀರಿಸುವುದು ನಮ್ಮ ಉದ್ದೇಶವಲ್ಲ. ಈ 25 ವರ್ಷದಲ್ಲಿ ನಮ್ಮ ಸುತ್ತಮುತ್ತ ಎಷ್ಟೋ ಸಂಸಾರಗಳು ಬಿದ್ದವು, ಬಿದ್ದವುಗಳಲ್ಲಿ ಎಷ್ಟೋ ಎದ್ದವು. ಹೇಗೆ ಎದ್ದವು ಎಂಬುದನ್ನು ಯಾವ ವರದಿಯಲ್ಲೂ ಬರೆಯುವುದಿಲ್ಲ. ಅದರ ಬಗ್ಗೆ ನಾವು ಕಣ್ಣಾರೆ ಕಂಡದ್ದನ್ನು ಹೇಳುತ್ತೇವೆ. ಕೊನೆಯಲ್ಲಿ ಈ ಸಭೆಯ ಮುಂದೆ ಒಂದು ಬೇಡಿಕೆಯೂ ಇದೆ, ಅದನ್ನು ಕೇಳದೆ ಯಾರೂ ಎದ್ದು ಹೋಗಬಾರದು.

ನಮ್ಮ ಕೋಲಾರ ಜಿಲ್ಲೆ ರೇಷ್ಮೆ, ಹಾಲು, ಚಿನ್ನ ಮೂರಕ್ಕೂ ಹೆಸರಾದದ್ದು ಎಂದು ಶಾಲೆಯಲ್ಲಿ ಮೇಷ್ಟ್ರು ಪಾಠ ಮಾಡುತ್ತಿದ್ದರು. ವರ್ಷವಿಡೀ ಹರಿಯುವ ಹೊಳೆ ಇಲ್ಲದ ಸೀಮೆಗೆ ಈ ಮೂರೇ ಆಸರೆ. ಅದರಲ್ಲಿ ಮೊದಲು ಕೈಬಿಟ್ಟದ್ದು ಚಿನ್ನ. 1880ರಲ್ಲಿ ಜಾನ್ ಟೇಲರ್ ಕಂಪನಿಯವರು ಕೆ.ಜಿ.ಎಫ್.ನಲ್ಲಿ ಗಣಿ ಕೆಲಸ ಹಿಡಿದರು. 1902ರಲ್ಲಿ ಶಿವನಸಮುದ್ರದಿಂದ ಅಲ್ಲಿಗೆ ಕರೆಂಟು ಬಂತು. (ಗಣಿಯ ದೀಪ ಕಣ್ಣಿಗೆ ಕಾಣುವಷ್ಟು ಹತ್ತಿರದ ನಮ್ಮ ಹಳ್ಳಿಗಳಿಗೆ ಅದೇ ಕರೆಂಟು ಬರುವಷ್ಟರಲ್ಲಿ ಎರಡು ತಲೆಮಾರು ಕಳೆದಿತ್ತು, ಆ ಮಾತು ಬೇರೆ.) ಭೂಮಿಯ ಕೆಳಗೆ ಮೂರು ಕಿಲೋಮೀಟರಿಗೂ ಆಳಕ್ಕೆ ಇಳಿದು ಜನ ಕೆಲಸ ಮಾಡಿದರು. ಒಂದು ಕಾಲಕ್ಕೆ ಮೂವತ್ತು ಸಾವಿರಕ್ಕೂ ಮೇಲೆ ಕೆಲಸಗಾರರಿದ್ದ ಗಣಿ ಅದು. 2001ರ ಫೆಬ್ರವರಿ 28ರಂದು ಮುಚ್ಚಿಹೋಯಿತು. ನಮ್ಮ ಸಂಘ 2000ದಲ್ಲಿ ಶುರುವಾದದ್ದು, ಇನ್ನೂ ವರ್ಷ ತುಂಬಿರಲಿಲ್ಲ.

ಗಣಿ ಮುಚ್ಚಿದರೆ ಹಳ್ಳಿಯವರಿಗೇನು ಎಂದು ಈಗಿನ ಹುಡುಗರು ಕೇಳುತ್ತಾರೆ. ಗಣಿಯ ಲೈನು ಮನೆಗಳಿಗೆ ಸೊಪ್ಪು, ತರಕಾರಿ, ಹಾಲು ಹೋಗುತ್ತಿದ್ದದ್ದು ನಮ್ಮಂಥ ಊರುಗಳಿಂದ. ಸೈಕಲ್ಲಿನ ಎರಡೂ ಕಡೆ ಕ್ಯಾನು ಕಟ್ಟಿಕೊಂಡು ವರ್ತನೆ ಹಾಲು ಹಾಕುತ್ತಿದ್ದವರು ಈ ಸಭೆಯಲ್ಲೇ ಇದ್ದಾರೆ. ಲೆಕ್ಕ ತಿಂಗಳಿಗೊಂದು ಸಲ, ಸಂಬಳದ ದಿನ. ಸಂಬಳವೇ ನಿಂತ ಮೇಲೆ ಯಾರ ಹತ್ತಿರ ಕೇಳುವುದು? ಬಾಕಿ ಇದ್ದ ಮನೆಯ ಬಾಗಿಲಿಗೆ ಹೋದರೆ ಆ ಮನೆಯವರೇ ತಲೆ ತಗ್ಗಿಸಿಕೊಂಡು ನಿಂತಿರುತ್ತಿದ್ದರು. ಕೇಳಲಾರದೆ ವಾಪಸು ಬಂದ ನಮ್ಮೂರಿನವರು ಬಹಳ ಮಂದಿ. ಹಾಗೆ ವರ್ತನೆ ಕಳಕೊಂಡ ಹಾಲೇ ಮೊದಲ ವರ್ಷ ನಮ್ಮ ಡೈರಿಗೆ ಬಂದದ್ದು. ಸಂಘ ಬೇಗ ತುಂಬಿಕೊಂಡಿತು ಎಂದು ಸಂತೋಷಪಡುವಾಗ ಇದನ್ನೂ ನೆನೆಯಬೇಕು.

ಗಣಿಯವರು ಹೇಗೆ ಬದುಕಿದರು? ನಾವು ಹೊರಗಿನಿಂದ ನೋಡಿದವರು, ಒಳಗಿನ ನೋವು ಅವರಿಗೇ ಗೊತ್ತು. ಅವರಲ್ಲಿ ಹೆಚ್ಚಿನವರ ಹಿರಿಯರು ತಮಿಳುನಾಡಿನ ಉತ್ತರ ಆರ್ಕಾಟಿನ ಕಡೆಯಿಂದ ಬಂದ ಬಡಜನ. ಮೂರು ನಾಲ್ಕು ತಲೆಮಾರು ಇಲ್ಲೇ ಕಳೆದು ಅಲ್ಲಿ ಜಮೀನಿಲ್ಲ, ಇಲ್ಲಿಯೂ ಇಲ್ಲ. ಕಂಪನಿ ಮನೆಗಳಲ್ಲೇ ಉಳಿದುಕೊಂಡರು. ಕತ್ತಲಿರುವಾಗಲೇ ಮಾರಿಕುಪ್ಪಂನಿಂದ ಹೊರಡುವ ರೈಲು ಹತ್ತಿ ಬಂಗಾರಪೇಟೆ ಮೇಲೆ ಬೆಂಗಳೂರಿಗೆ ಹೋಗಿ ರಾತ್ರಿ ವಾಪಸು ಬರುವ ಬದುಕು ಶುರುವಾಯಿತು. ಗಂಡಸರು ಸೆಕ್ಯೂರಿಟಿ ಕೆಲಸಕ್ಕೆ, ಪೇಂಟಿಂಗಿಗೆ, ಹೆಂಗಸರು ಗಾರ್ಮೆಂಟ್ಸಿಗೆ, ಮನೆಗೆಲಸಕ್ಕೆ. ಚಿನ್ನ ತೆಗೆದವರ ಮನೆಯ ಒಡವೆ ಮಾರ್ವಾಡಿ ಅಂಗಡಿ ಸೇರಿತು. ಹಳೇ ಶಾಫ್ಟುಗಳಿಗೆ ಕದ್ದು ಇಳಿದು ಜೀವ ಕಳಕೊಂಡವರೂ ಇದ್ದಾರೆ. ಆದರೂ ಮಕ್ಕಳನ್ನು ಓದಿಸುವುದನ್ನು ಮಾತ್ರ ಬಿಡಲಿಲ್ಲ. ಊಟ ಬಿಟ್ಟು ಫೀಜು ಕಟ್ಟಿದವರನ್ನು ನಾವು ಬಲ್ಲೆವು.

ಆಗ ನಾವು ಕಂಡ ಒಂದು ಸಂಗತಿಯನ್ನು ಒತ್ತಿ ಹೇಳಬೇಕು. ಗಣಿ ಬಿಟ್ಟವರಿಗೆ ಒಂದಿಷ್ಟು ಇಡಿಗಂಟು ಬಂತು. ಕೆಲವರಿಗೆ ಬೇಗ, ಕೆಲವರಿಗೆ ಬಾಕಿ ಬರಲು ವರ್ಷಗಳೇ ಹಿಡಿದವು. ಬಂದ ದಿನ ಅದು ದೊಡ್ಡ ದುಡ್ಡು. ಹಳೇ ಸಾಲ ತೀರಿಸಿ, ಮಗಳ ಮದುವೆ ಮಾಡಿ, ಅಣ್ಣತಮ್ಮಂದಿರು ಕೇಳಿದ್ದು ಕೊಟ್ಟು, ಆಸ್ಪತ್ರೆಗೆ ಇಟ್ಟು ನೋಡುವಷ್ಟರಲ್ಲಿ ಇಲ್ಲ. ಕುಡಿದು ಕಳೆದರು ಎಂದು ಹೊರಗಿನವರು ಸುಲಭವಾಗಿ ಅಂದುಬಿಡುತ್ತಾರೆ, ಆ ಮಾತನ್ನು ನಾವು ಒಪ್ಪುವುದಿಲ್ಲ. ಕುಡಿಯದ ಮನೆಯಲ್ಲೂ ಆ ದುಡ್ಡು ನಿಲ್ಲಲಿಲ್ಲ. ಇಡಿಗಂಟು ಬಂದದ್ದು ಊರಿಗೆಲ್ಲ ಗೊತ್ತಾಗುತ್ತದೆ, ಅದರ ಮೇಲೆ ಎಲ್ಲರ ಕಣ್ಣೂ ಬೀಳುತ್ತದೆ. ತಿಂಗಳ ಸಂಬಳಕ್ಕೆ ಹೊಂದಿಕೊಂಡಿದ್ದ ಸಂಸಾರಕ್ಕೆ ಅದನ್ನು ಹತ್ತು ವರ್ಷಕ್ಕೆ ಹಂಚಿ ತಿನ್ನುವ ಅಭ್ಯಾಸ ಎಲ್ಲಿಂದ ಬರಬೇಕು?

ಇನ್ನು ರೇಷ್ಮೆ. 2011ರ ಕೇಂದ್ರ ಬಜೆಟ್ಟಿನಲ್ಲಿ ಹೊರದೇಶದ ಕಚ್ಚಾ ರೇಷ್ಮೆ ಮೇಲಿನ ಸುಂಕವನ್ನು ಶೇಕಡಾ 30ರಿಂದ 5ಕ್ಕೆ ಇಳಿಸಿದರು. ಚೀನಾ ರೇಷ್ಮೆ ಬಂತು, ಗೂಡಿನ ರೇಟು ಬಿತ್ತು. ಗೂಡು ಮಾರಲು ಹೋದವರು ಬಸ್ ಚಾರ್ಜು ಕೂಡ ಗಿಟ್ಟದೆ ಬಂದರು. ಹಿಪ್ಪುನೇರಳೆ ತೋಟ ಕಿತ್ತವರು ಎಷ್ಟು ಜನ ಎಂಬುದು ತಮಗೇ ಗೊತ್ತು. ಆಮೇಲೆ ರೇಟು ಚೇತರಿಸಿತು, ಕಿತ್ತ ತೋಟ ಎಲ್ಲವೂ ವಾಪಸು ಬರಲಿಲ್ಲ. ಬೋರಿನ ಕಥೆ ಹೇಳುವುದೇ ಬೇಡ. ಸಾವಿರ ಅಡಿ, ಸಾವಿರದ ಐನೂರು ಅಡಿ ಕೊರೆಸಿ ಬರೀ ಧೂಳು ನೋಡಿದ್ದೇವೆ. 2018ರಿಂದ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ ಜಿಲ್ಲೆಯ ಕೆರೆಗಳಿಗೆ ಬಿಡುತ್ತಿದ್ದಾರೆ. ಅದರ ಗುಣದ ಬಗ್ಗೆ ಚರ್ಚೆ ಇದ್ದೇ ಇದೆ.

ಇಷ್ಟೆಲ್ಲದರ ನಡುವೆ ನಮ್ಮ ಮನೆಗಳು ನಿಂತದ್ದು ಹಾಲಿನ ಮೇಲೆ. ಹಾಲಿನಲ್ಲಿ ಭಾರಿ ಲಾಭವಿದೆ ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಬೂಸಾ, ಹಿಂಡಿ, ಫೀಡು, ಡಾಕ್ಟರ ಫೀಜು, ಹಸಿ ಮೇವು, ಮನೆಯವರೆಲ್ಲರ ಮೈಗೆಲಸ ಲೆಕ್ಕ ಹಾಕಿದರೆ ಉಳಿಯುವುದು ಅಷ್ಟರಲ್ಲೇ ಇದೆ. ಆದರೂ ಹಾಲಿನ ದುಡ್ಡಿಗೆ ಒಂದು ಗುಣವಿದೆ. ಹದಿನೈದು ದಿನಕ್ಕೊಂದು ಸಲ ಬಟವಾಡೆ ಆಗೇ ಆಗುತ್ತದೆ. ಅದು ಸಣ್ಣ ದುಡ್ಡು. ಯಾರೂ ಕೈಸಾಲ ಕೇಳುವುದಿಲ್ಲ, ಅದನ್ನು ನಂಬಿ ಯಾರೂ ಮಹಡಿ ಮನೆ ಕಟ್ಟುವುದಿಲ್ಲ. ದಿನಸಿ ಅಂಗಡಿಗೆ, ಸ್ಕೂಲಿಗೆ, ಔಷಧಿಗೆ ಹೋಗುತ್ತದೆ. 2015ರಲ್ಲಿ ಮಂಡ್ಯದಂಥ ಕಾವೇರಿ ನೀರಿನ ಜಿಲ್ಲೆಯಲ್ಲಿ ಕಬ್ಬು ಬೆಳೆಗಾರರು ಸಾಲಾಗಿ ಆತ್ಮಹತ್ಯೆ ಮಾಡಿಕೊಂಡದ್ದನ್ನು ಪೇಪರಿನಲ್ಲಿ ಓದಿ ನಮ್ಮ ಹಿರಿಯರು, ನೀರಿರುವ ಊರಿನಲ್ಲಿ ಹೀಗೇಕೆ ಎಂದು ಕೇಳುತ್ತಿದ್ದರು. ಕಬ್ಬಿಗೆ ದುಡ್ಡು ಬರುವುದು ವರ್ಷಕ್ಕೊಂದು ಸಲ. ಕಾರ್ಖಾನೆ ಬಾಕಿ ಉಳಿಸಿಕೊಂಡರೆ ಆ ಒಂದು ಸಲವೂ ಇಲ್ಲ. ನೀರಿದ್ದರೂ ಕೈಯಲ್ಲಿ ಕಾಸು ಓಡಾಡದಿದ್ದರೆ ಮನುಷ್ಯನಿಗೆ ದಿಕ್ಕು ತಪ್ಪುತ್ತದೆ.

2020ರ ಮಾರ್ಚಿನಲ್ಲಿ ಲಾಕ್‌ಡೌನ್ ಆದಾಗ ಇದು ಇನ್ನೂ ಚೆನ್ನಾಗಿ ಗೊತ್ತಾಯಿತು. ಟೊಮೇಟೊ ಕೇಳುವವರಿಲ್ಲದೆ ತೋಟದಲ್ಲೇ ಕೊಳೆಯಿತು. ಬೆಂಗಳೂರಿನ ಗಾರ್ಮೆಂಟ್ಸಿಗೆ ಹೋಗುತ್ತಿದ್ದ ನಮ್ಮ ಹೆಣ್ಣುಮಕ್ಕಳು, ಹೋಟೆಲಿನಲ್ಲಿದ್ದ ಹುಡುಗರು ಬ್ಯಾಗು ಹೊತ್ತುಕೊಂಡು ಊರಿಗೆ ಬಂದರು. ಇಬ್ಬರಿದ್ದ ಮನೆಯಲ್ಲಿ ಆರು ಜನ. ಹೋಟೆಲು, ಕಲ್ಯಾಣ ಮಂಟಪ ಮುಚ್ಚಿ ಹಾಲು ಮಿಕ್ಕಿದ್ದಕ್ಕೆ ಒಕ್ಕೂಟಗಳು ಪೌಡರು ಮಾಡಿಸಿದವು, ಏಪ್ರಿಲಿನಲ್ಲಿ ಸರ್ಕಾರ ಹಾಲು ಕೊಂಡು ಕೊಳೆಗೇರಿಗಳಲ್ಲಿ ಉಚಿತವಾಗಿ ಹಂಚಿತು. ನಮ್ಮ ಡೈರಿ ಬಾಗಿಲು ಹಾಕಲಿಲ್ಲ. ಸುಣ್ಣದಲ್ಲಿ ಗುಂಡು ಬರೆದು, ದೂರ ದೂರ ನಿಲ್ಲಿಸಿ ಹಾಲು ಅಳೆದುಕೊಂಡೆವು. ಆ ಎರಡು ತಿಂಗಳು ಊರೊಳಗೆ ಓಡಾಡಿದ ದುಡ್ಡು ಬಹುಪಾಲು ಹಾಲಿನದು ಎಂದು ಅಂಗಡಿ ಶೆಟ್ಟರೇ ಹೇಳಿದ್ದಾರೆ. 2022ರಲ್ಲಿ ಚರ್ಮಗಂಟು ರೋಗ ಬಂದು ದನ ಸತ್ತಾಗ ಸರ್ಕಾರ ಹಸುವಿಗೆ 20 ಸಾವಿರ ಪರಿಹಾರ ಕೊಟ್ಟಿತು. ಸೀಮೆ ಹಸು ಕೊಂಡ ದುಡ್ಡಿಗೆ ಅದು ಅರ್ಧವೂ ಅಲ್ಲ. ಹಸು ಕಳಕೊಂಡ ಮನೆಗೆ ಪಕ್ಕದ ಮನೆಯವರು ಕಡಸು ಕೊಟ್ಟು, ಕರು ಹಾಕಿದ ಮೇಲೆ ದುಡ್ಡು ಕೊಡಿ ಎಂದದ್ದೂ ಇದೇ ಊರಿನಲ್ಲಿ.

ಈಗ ಬೇಡಿಕೆಗೆ ಬರುತ್ತೇವೆ.

2021ರಲ್ಲಿ ಕೊರೋನಾ ಎರಡನೇ ಸಲ ಬಂದಾಗ ನಮ್ಮ ಸದಸ್ಯರೊಬ್ಬರು ತೀರಿಕೊಂಡರು. ಹೆಸರು ಬೇಡ, ಎಲ್ಲರಿಗೂ ಗೊತ್ತು. ಹತ್ತೂವರೆಗೆ ಮಣ್ಣು ಮಾಡಿದರು. ಸಂಜೆ ಐದಕ್ಕೆ ಹಸು ಕೂಗಿತು. ಆ ತಾಯಿ ಎದ್ದು ಹೋಗಿ ಹಾಲು ಕರೆದಳು. ಕಣ್ಣೀರು ಒರೆಸಿಕೊಳ್ಳಲೂ ಕೈ ಬಿಡುವಿಲ್ಲ, ಹಸುವಿಗೆ ಸಾವು ನೋವು ಗೊತ್ತಾ? ಹಾಲೇನೋ ಡೈರಿಗೆ ಬಂತು. ಪಾಸ್‌ಬುಕ್ಕು ಗಂಡನ ಹೆಸರಲ್ಲಿ, ಷೇರು ಗಂಡನ ಹೆಸರಲ್ಲಿ, ಬಟವಾಡೆ ಹೋಗುವ ಬ್ಯಾಂಕ್ ಖಾತೆಯೂ ಗಂಡನದು. ಸರ್ಕಾರದ ಪ್ರೋತ್ಸಾಹಧನ ಲೀಟರಿಗೆ 5 ರೂಪಾಯಿಯೂ ಅದೇ ಖಾತೆಗೆ. ಬ್ಯಾಂಕಿನವರು ಮರಣಪತ್ರ ತಾ, ವಂಶವೃಕ್ಷ ತಾ ಎಂದರು. ಅವರ ಕಾನೂನು ಅವರಿಗೆ. ನಾಡಕಚೇರಿಗೂ ಬ್ಯಾಂಕಿಗೂ ಓಡಾಡಿ ಆ ಹೆಣ್ಣುಮಗಳು ದುಡ್ಡು ನೋಡಿದ್ದು ಐದನೇ ತಿಂಗಳಲ್ಲಿ. ಅಷ್ಟು ದಿನ ನಾದಿನಿಯ ಪಾಸ್‌ಬುಕ್ಕಿಗೆ ಹಾಲು ಹಾಕಿ ಸಂಸಾರ ನಡೆಸಿದಳು. ನಾದಿನಿ ಒಳ್ಳೆಯವಳು, ನಡೆಯಿತು. ಎಲ್ಲ ಮನೆಯಲ್ಲೂ ಅಂಥ ನಾದಿನಿ ಇರುತ್ತಾಳೆ ಎಂದು ಸಂಘ ನಂಬಿಕೊಂಡು ಕೂರಲಾಗದು.

ಹಸುವಿನ ಕೆಳಗೆ ಕೂರುವವರು ಯಾರು ಎಂದು ಬೆಳಗ್ಗೆ ಐದೂವರೆಗೆ ಯಾವ ಕೊಟ್ಟಿಗೆಗಾದರೂ ಹೋಗಿ ನೋಡಿ. ಆಮೇಲೆ ನಮ್ಮ ಸದಸ್ಯರ ಪಟ್ಟಿ ನೋಡಿ. ಎರಡಕ್ಕೂ ತಾಳೆ ಇಲ್ಲ. ಗಂಡಸರು ಬೇಜಾರು ಮಾಡಿಕೊಳ್ಳಬೇಡಿ, ನಾವೂ ಗಂಡಸರೇ.

ಇನ್ನೊಂದು ಕಡೆಯಿಂದಲೂ ಬಟವಾಡೆಗೆ ಏಟು ಬೀಳುತ್ತಿದೆ. ವಾರದ ಸಾಲದವರು ಊರಿಗೆ ಬಂದರು. ಗುಂಪು ಮಾಡಿ, ಹೆಂಗಸರ ಹೆಸರಿನಲ್ಲಿ ಸಾಲ ಕೊಟ್ಟು, ವಾರ ವಾರ ಕಂತು ಎತ್ತುತ್ತಾರೆ. ಒಂದು ಕಂತು ಕಟ್ಟಲು ಇನ್ನೊಂದು ಕಂಪನಿಯಲ್ಲಿ ಸಾಲ. ಕಿರುಕುಳ ಹೆಚ್ಚಾಗಿ 2025ರ ಫೆಬ್ರವರಿಯಲ್ಲಿ ರಾಜ್ಯ ಸರ್ಕಾರ ಸುಗ್ರೀವಾಜ್ಞೆಯನ್ನೇ ತರಬೇಕಾಯಿತು. ಆದರೆ ಮೇವಿಗೆ, ಆಸ್ಪತ್ರೆಗೆ ತುರ್ತಾಗಿ ಮೂರು ಸಾವಿರ ಬೇಕಾದಾಗ ಕೊಡುವವರು ಬೇರೆ ಯಾರೂ ಇಲ್ಲದ್ದಕ್ಕೇ ತಾನೇ ಜನ ಅಲ್ಲಿಗೆ ಹೋಗುವುದು? ಹಾಲಿನ ಲೆಕ್ಕದ ಮೇಲೆ ಸಣ್ಣ ಮುಂಗಡ ಕೊಡುವುದು ಸಂಘಕ್ಕೆ ಆಗದ ಕೆಲಸವೇನಲ್ಲ. ಯಾರ ಮನೆಯಲ್ಲಿ ಎಷ್ಟು ಕರೆಯುತ್ತದೆ ಎಂಬುದು ನಮ್ಮ ಪುಸ್ತಕದಲ್ಲೇ ಇದೆ, ಬೇರೆ ಜಾಮೀನು ಬೇಡ. ಎಷ್ಟು ಕೊಡಬೇಕು, ಯಾವ ನಿಧಿಯಿಂದ ಎಂಬುದನ್ನು ಆಡಳಿತ ಮಂಡಳಿಯಲ್ಲಿ ಕೂತು ಒಕ್ಕೂಟದ ವಿಸ್ತರಣಾಧಿಕಾರಿಗಳನ್ನು ಕೇಳಿ ತೀರ್ಮಾನ ಮಾಡೋಣ.

ಮೊದಲಿನ ಕೆಲಸ ಮಾತ್ರ ಇವತ್ತೇ ಆಗಬೇಕು. ಪ್ರತಿ ಸದಸ್ಯರೂ ವಾರಸುದಾರರ ಹೆಸರು ಬರೆದುಕೊಡಬೇಕು. ಗಂಡ ಸದಸ್ಯನಾಗಿರುವ ಮನೆಯಲ್ಲಿ ಹಾಲು ಕರೆಯುವ ಹೆಣ್ಣುಮಗಳ ಹೆಸರು ಬರೆಯಿರಿ, ಆಕೆಯ ಹೆಸರಿನಲ್ಲಿ ಬ್ಯಾಂಕ್ ಖಾತೆ ಇಲ್ಲದಿದ್ದರೆ ಈ ತಿಂಗಳೊಳಗೆ ಮಾಡಿಸಿ. ಪಾಸ್‌ಬುಕ್ಕನ್ನೇ ಆಕೆಯ ಹೆಸರಿಗೆ ಮಾಡಿಸುವವರಿದ್ದರೆ ಇನ್ನೂ ಒಳ್ಳೆಯದು. ಸದಸ್ಯರು ತೀರಿಕೊಂಡ ಮನೆಯ ಅರ್ಜಿ ಮುಂದಿನ ಬಟವಾಡೆಯ ಒಳಗೆ ಮಂಡಳಿಯ ಮುಂದೆ ಬರಬೇಕು ಎಂದು ಈ ಸಭೆ ಒಪ್ಪಬೇಕೆಂದು ಕೇಳಿಕೊಳ್ಳುತ್ತೇವೆ. ಒಪ್ಪಿಗೆ ಇರುವವರು ಕೈ ಎತ್ತಿ. ಹಿಂದೆ ಕುಳಿತಿರುವ ಅಕ್ಕಂದಿರೂ ಎತ್ತಬೇಕು.

ಫಾರಂಗಳನ್ನು ಕಾರ್ಯದರ್ಶಿಗಳ ಮೇಜಿನ ಮೇಲೆ ಇಟ್ಟಿದ್ದೇವೆ. ಊಟಕ್ಕೆ ಹೋಗುವ ಮೊದಲು ಒಂದೊಂದು ತೆಗೆದುಕೊಳ್ಳಿ. ಬರೆಯಲು ಬಾರದವರಿಗೆ ಹೈಸ್ಕೂಲು ಮಕ್ಕಳು ತುಂಬಿಕೊಡುತ್ತಾರೆ. ಆಧಾರ್ ಜೆರಾಕ್ಸನ್ನು ಸಂಜೆ ಹಾಲಿಗೆ ಬರುವಾಗ ತಂದರೂ ಆಯಿತು.