ಕ್ರೈಸ್ತ ಮಠಗಳಲ್ಲಿ ಅಂತರಂಗ ಪ್ರಾರ್ಥನೆ

(ಮಹೋತ್ಸವದ ಧರ್ಮಸಭೆಯಲ್ಲಿ ಮಾಡಿದ ಉಪನ್ಯಾಸ)



ಮಠವೊಂದರ ಮಹೋತ್ಸವದಲ್ಲಿ ಅದರ ದಾಸೋಹ, ವಿದ್ಯಾಪ್ರಸಾರ, ಶಿಷ್ಯಪರಂಪರೆ ಇವುಗಳ ಸ್ಮರಣೆಯು ಮುಖ್ಯವಾಗಿರುವುದು ಸಹಜವಾದುದು. ಆದರೆ ಇವೆಲ್ಲಕ್ಕೂ ಬೇರಿನಂತಿರುವುದು ಕಣ್ಣಿಗೆ ಕಾಣದ ಒಂದು ಸಾಧನೆ. ಬೆಳಗಿನ ಜಾವದಲ್ಲಿ ಸಾಧಕನೊಬ್ಬನು ಏಕಾಂತದಲ್ಲಿ ಕುಳಿತು ಮನಸ್ಸನ್ನು ಒಳಮುಖವಾಗಿ ತಿರುಗಿಸುವನಷ್ಟೆ. ಆ ಸಾಧನೆಯು ಬತ್ತಿದರೆ ಮಠವು ಛತ್ರವಾಗಿ ಉಳಿದೀತು, ಪಾಠಶಾಲೆಯಾಗಿ ಉಳಿದೀತು, ಮಠವಾಗಿ ಉಳಿಯದು. ಈ ಸತ್ಯವನ್ನು ಅನ್ಯದೇಶದ, ಅನ್ಯಮತದ ಮಠವಾಸಿಗಳೂ ಬಹು ಕಷ್ಟದಿಂದ ಕಂಡುಕೊಂಡಿರುತ್ತಾರೆ. ಕ್ರೈಸ್ತ ಸಂನ್ಯಾಸಿಗಳು ಪ್ರಾರ್ಥನೆಯನ್ನು ತುಟಿಯಿಂದ ಹೃದಯಕ್ಕೆ ಇಳಿಸಿದ ಬಗೆಯನ್ನೂ, ಆ ದಾರಿಯಲ್ಲಿ ಅವರಿಗೆ ಒದಗಿದ ಒಂದು ಕಠಿಣವಾದ ಪ್ರಶ್ನೆಯನ್ನೂ ಇಲ್ಲಿ ವಿಚಾರಿಸಬೇಕಾಗಿದೆ.

ಈ ಪರಂಪರೆಯು ಈಜಿಪ್ಟ್ ದೇಶದ ಮರುಭೂಮಿಯಲ್ಲಿ ಹುಟ್ಟಿತು. ಸುಮಾರು 251ನೆಯ ಇಸವಿಯಲ್ಲಿ ಜನಿಸಿದ ಆಂಟನಿಯೆಂಬವನು ಅನುಕೂಲಸ್ಥರಾದ ಒಕ್ಕಲುಗಾರರ ಮಗನು. ತಂದೆತಾಯಿಗಳು ತೀರಿಕೊಂಡ ಬಳಿಕ ಅವನು ಒಂದು ದಿನ ದೇವಾಲಯವನ್ನು ಹೊಕ್ಕಾಗ, ಇದ್ದುದನ್ನೆಲ್ಲ ಮಾರಿ ಬಡವರಿಗೆ ಕೊಡಬೇಕೆಂಬ ಏಸುವಿನ ಉಪದೇಶವನ್ನು ಓದುತ್ತಿದ್ದರು. ಆ ಮಾತು ತನಗಾಗಿಯೇ ನುಡಿದುದೆಂದು ಅವನು ತಿಳಿದು ಹೊಲಗಳನ್ನು ಊರವರಿಗೆ ಬಿಟ್ಟುಕೊಟ್ಟನು. ಮುಂದೆ ಪಾಳುಬಿದ್ದ ಕೋಟೆಯೊಂದರಲ್ಲಿ ಇಪ್ಪತ್ತು ವರ್ಷಗಳವರೆಗೆ ಏಕಾಂತದಲ್ಲಿದ್ದನು. 356ರಲ್ಲಿ ಅವನು ದೇಹವನ್ನು ಬಿಡುವ ವೇಳೆಗೆ ಆ ಮರಳುಗಾಡು ಸಾಧಕರ ನಾಡಾಗಿದ್ದಿತು. ಇತ್ತ ನೈಲ್ ನದಿಯ ದಂಡೆಯ ತಬೆನ್ನಿಸಿಯಲ್ಲಿ ಪಕೋಮಿಯಸ್ ಎಂಬವನು ಒಂದೇ ಆವರಣದಲ್ಲಿ ಕೂಡಿ ಬಾಳುವ, ಒಂದೇ ನಿಯಮಕ್ಕೆ ಒಳಪಟ್ಟ ಮಠವನ್ನು ಸ್ಥಾಪಿಸಿದನು.

ಆಂಟನಿಯ ವಿಷಯದಲ್ಲಿ ಆ ವೃದ್ಧರು ಹೇಳುತ್ತಿದ್ದ ಒಂದು ಕಥೆಯುಂಟು. ಒಮ್ಮೆ ಅವನಿಗೆ ಬೇಸರವು ಕವಿದು ಮನಸ್ಸು ನಿಲ್ಲದಾಯಿತು. ಮುಕ್ತಿಯ ದಾರಿಯಾವುದೆಂದು ಅವನು ದೇವರನ್ನು ಮೊರೆಯಿಟ್ಟನು. ಹೊರಗೆ ಬಂದು ನೋಡಲಾಗಿ, ತನ್ನಂತೆಯೇ ಇದ್ದ ಒಬ್ಬನು ಕುಳಿತು ಹಗ್ಗವನ್ನು ಹೆಣೆಯುತ್ತಿದ್ದನು, ಸ್ವಲ್ಪ ಹೊತ್ತಾದ ಮೇಲೆ ಎದ್ದು ಪ್ರಾರ್ಥಿಸಿದನು, ಮತ್ತೆ ಕುಳಿತು ಹೆಣೆದನು, ಮತ್ತೆ ಎದ್ದನು. ಅವನು ದೇವದೂತನೆಂದೂ ಇದೇ ದಾರಿಯೆಂದೂ ಆಂಟನಿಗೆ ಅರಿವಾಯಿತು. ಕಾಯಕದ ಮಹಿಮೆಯನ್ನು ಬಲ್ಲ ಜನರಿಗೆ ಈ ಕಥೆಯ ಅರ್ಥವನ್ನು ಬಿಡಿಸಿ ಹೇಳಬೇಕಾದುದಿಲ್ಲ. ಆ ಸಂನ್ಯಾಸಿಗಳು ಬುಟ್ಟಿ, ಚಾಪೆಗಳನ್ನು ಹೆಣೆದು ಮಾರಿ, ಅದರಿಂದ ತಮ್ಮ ಹೊಟ್ಟೆಯನ್ನು ಹೊರೆದು, ಮಿಕ್ಕುದನ್ನು ಬಡವರಿಗೆ ಹಂಚುತ್ತಿದ್ದರು.

ಏಕಾಂತಕ್ಕೆ ಹೋದವನಿಗೆ ಲೋಕದ ಗದ್ದಲವು ತಪ್ಪುವುದು, ಮನಸ್ಸಿನ ಗದ್ದಲವು ತಪ್ಪದು. ಇದನ್ನು ಶಾಸ್ತ್ರೀಯವಾಗಿ ವಿವೇಚಿಸಿದವನು ಇವಾಗ್ರಿಯಸ್ ಎಂಬ ಪಂಡಿತನು. ಕಾನ್‌ಸ್ಟಾಂಟಿನೋಪಲ್ ನಗರದಲ್ಲಿ ವಾಗ್ಮಿಯೆಂದು ಹೆಸರಾಗಿದ್ದ ಇವನು ಎಲ್ಲವನ್ನೂ ತೊರೆದು ಈಜಿಪ್ಟಿನ ಮರಳುಗಾಡನ್ನು ಸೇರಿ, 399ರಲ್ಲಿ ಅಲ್ಲಿಯೇ ಕಾಲವಾದನು. ಹೊಟ್ಟೆಬಾಕತನ, ಕಾಮ, ಧನಲೋಭ, ವಿಷಾದ, ಕ್ರೋಧ, ಜಡತೆ, ಕೀರ್ತಿಯಾಸೆ, ಗರ್ವ ಎಂದು ಎಂಟು ಬಗೆಯ ದುರಾಲೋಚನೆಗಳನ್ನು ಅವನು ಎಣಿಸಿದನು. ಅರಿಷಡ್ವರ್ಗವನ್ನು ಬಲ್ಲವರಿಗೆ ಈ ಪಟ್ಟಿಯಲ್ಲಿ ಹೆಚ್ಚಿನವು ಪರಿಚಿತವಾದುವೇ. ಅವುಗಳಲ್ಲಿ ಜಡತೆಯೇ ಅತಿ ಭಾರವಾದುದೆಂದು ಅವನ ಮತ. ನಡುಹಗಲಿನಲ್ಲಿ ಸೂರ್ಯನು ಚಲಿಸದೆ ನಿಂತಂತೆ ತೋರುವುದು. ಸಾಧಕನು ಮೇಲಿಂದ ಮೇಲೆ ಕಿಟಕಿಯ ಕಡೆಗೆ ನೋಡುವನು. ಈ ಸ್ಥಳವು ಸರಿಯಿಲ್ಲ, ಈ ಸಹವಾಸವು ಸರಿಯಿಲ್ಲ, ಬೇರೆಡೆಗೆ ಹೋದರೆ ಸಾಧನೆಯು ಸುಗಮವಾದೀತೆಂದು ಬಗೆಯುವನು. ಇಂತಹ ಆಲೋಚನೆಗಳನ್ನೆಲ್ಲ ಕೆಳಗಿರಿಸುವುದೇ ಪ್ರಾರ್ಥನೆಯೆಂದು ಇವಾಗ್ರಿಯಸನ ಉಪದೇಶ. ದೇವರನ್ನು ಕುರಿತಾದ ರೂಪಕಲ್ಪನೆಗಳನ್ನು ಸಹ ಆ ಹೊತ್ತಿನಲ್ಲಿ ಬಿಡಬೇಕೆಂದು ಅವನು ವಿಧಿಸಿದನು.

ಪ್ರಶ್ನೆಯು ಹುಟ್ಟಿದುದು ಇಲ್ಲಿಯೇ. ರೂಪವನ್ನು ಬಿಡಬೇಕೆಂಬುದು ಪಂಡಿತನಿಗೆ ಸುಲಭವಾದ ಮಾತು, ಪಾಮರನ ಗತಿಯೇನು?

399ರಲ್ಲಿ ಅಲೆಕ್ಸಾಂಡ್ರಿಯ ನಗರದ ಧರ್ಮಾಧ್ಯಕ್ಷನಾದ ಥಿಯೋಫಿಲಸನು ಮಠಗಳಿಗೆಲ್ಲ ಪತ್ರವೊಂದನ್ನು ಕಳುಹಿಸಿ, ದೇವರಿಗೆ ಮನುಷ್ಯನಂತೆ ಕೈಕಾಲು ಮುಖಗಳುಂಟೆಂದು ಭಾವಿಸುವುದು ತಪ್ಪೆಂದು ಖಂಡಿಸಿದನು. ಸ್ಕೀಟಿಸ್ ಎಂಬ ಪ್ರದೇಶದಲ್ಲಿ ಸೆರಾಪಿಯನ್ ಎಂಬ ವೃದ್ಧನಿದ್ದನು. ನಿಷ್ಠೆಯಲ್ಲಿಯೂ ತಪಸ್ಸಿನಲ್ಲಿಯೂ ಅವನಿಗೆ ಸಮಾನರು ವಿರಳ. ಆದರೆ ಶಾಸ್ತ್ರಜ್ಞಾನವಿಲ್ಲದ ಸರಳಜೀವಿ. ದೇವರು ಮನುಷ್ಯನನ್ನು ತನ್ನ ಸ್ವರೂಪದಲ್ಲಿ ಸೃಷ್ಟಿಸಿದನೆಂದು ಧರ್ಮಗ್ರಂಥವು ಹೇಳುವುದರಿಂದ ದೇವರಿಗೂ ಮನುಷ್ಯಾಕಾರವಿರುವುದೆಂದು ನಂಬಿ, ಆ ಆಕಾರವನ್ನೇ ಎದುರಿಗಿಟ್ಟುಕೊಂಡು ಬಹುಕಾಲ ಪ್ರಾರ್ಥಿಸಿದ್ದನು. ಕಪ್ಪದೋಕ್ಯದಿಂದ ಬಂದಿದ್ದ ಫೋಟಿನಸ್ ಎಂಬ ವಿದ್ವಾಂಸನು ಅವನಿಗೆ ಶಾಸ್ತ್ರಾರ್ಥವನ್ನು ವಿವರಿಸಿದನು. ವೃದ್ಧನು ಒಪ್ಪಿದನು. ಎಲ್ಲರೂ ಸಂತೋಷದಿಂದ ಎದ್ದು ದೇವರನ್ನು ಕೊಂಡಾಡಲು ನಿಂತರು. ಆಗ ಸೆರಾಪಿಯನ್ನನಿಗೆ ಪ್ರಾರ್ಥನೆಯು ಬಾರದೆ ಹೋಯಿತು. ಅವನು ನೆಲಕ್ಕೆ ಬಿದ್ದು ಗಳಗಳನೆ ಅತ್ತನು. ತನ್ನ ದೇವರನ್ನು ಇವರು ಕಿತ್ತುಕೊಂಡರೆಂದೂ, ಹಿಡಿದುಕೊಳ್ಳಲು ಈಗ ಏನೂ ಉಳಿಯಲಿಲ್ಲವೆಂದೂ ಹಲುಬಿದನು.

ಈ ಪ್ರಸಂಗವನ್ನು ಬರೆದಿಟ್ಟವನು ಜಾನ್ ಕಾಸಿಯನ್. ಇವನು ತನ್ನ ಮಿತ್ರನಾದ ಜರ್ಮಾನಸನೊಡನೆ ಈಜಿಪ್ಟಿನಲ್ಲಿ ಸಂಚರಿಸಿ, ಸುಮಾರು 415ರಲ್ಲಿ ಫ್ರಾನ್ಸಿನ ಮಾರ್ಸೇಲ್ಸ್ ಪಟ್ಟಣದಲ್ಲಿ ಮಠಗಳನ್ನು ಕಟ್ಟಿ, ವೃದ್ಧರ ಉಪದೇಶಗಳನ್ನು ಇಪ್ಪತ್ತನಾಲ್ಕು ಸಂವಾದಗಳಾಗಿ ಲತೀನ ಭಾಷೆಯಲ್ಲಿ ರಚಿಸಿದನು. ಸೆರಾಪಿಯನ್ನನ ಕಣ್ಣೀರನ್ನು ಕಂಡು ಕಳವಳಗೊಂಡ ಮಿತ್ರರಿಬ್ಬರೂ ಐಸಾಕನೆಂಬ ಗುರುವಿನ ಬಳಿಗೆ ಹೋದರು. ಐಸಾಕನು ಸಿದ್ಧಾಂತವನ್ನು ಸಡಿಲಿಸಲಿಲ್ಲ. ದೇವರು ನಿರಾಕಾರನೆಂಬುದನ್ನೇ ಎತ್ತಿಹಿಡಿದನು. ಆದರೆ ಮನಸ್ಸಿಗೆ ಹಿಡಿದುಕೊಳ್ಳಲು ಒಂದು ಆಧಾರವು ಬೇಕೆಂದು ಜರ್ಮಾನಸನು ಕೇಳಿಕೊಂಡಾಗ, ಪೂರ್ವಿಕರಿಂದ ಬಂದ ಒಂದು ರಹಸ್ಯವನ್ನು ಉಪದೇಶಿಸಿದನು. ಅದು ದಾವೀದನ ಕೀರ್ತನೆಗಳಲ್ಲಿನ ಒಂದು ಚಿಕ್ಕ ವಾಕ್ಯ. ದೇವರು ತಡಮಾಡದೆ ನೆರವಿಗೆ ಬರಬೇಕೆಂಬ ಬೇಡಿಕೆ. ಹಸಿವಾದಾಗ ಅದೇ, ನಿದ್ರೆ ಬಾರದಾಗ ಅದೇ, ಕೋಪವು ಉಕ್ಕಿದಾಗ ಅದೇ, ಸಾಧನೆಯು ಸಿದ್ಧಿಸಿ ಗರ್ವವು ತಲೆಯೆತ್ತಿದಾಗಲೂ ಅದೇ. ಬೇರೆಲ್ಲ ಆಲೋಚನೆಗಳ ಸಿರಿಯನ್ನು ತೊರೆದು ಈ ಒಂದು ವಾಕ್ಯದ ಬಡತನದಲ್ಲಿ ನೆಲೆನಿಂತವನು ಕಡೆಗೆ ಶಬ್ದವಿಲ್ಲದ, ರೂಪವಿಲ್ಲದ ಪ್ರಾರ್ಥನೆಗೆ ಏರುವನೆಂದು ಅವನು ತಿಳಿಸಿದನು.

ಫೋಟಿನಸನು ಹೇಳಿದುದು ಸತ್ಯವೇ. ಆದರೆ ಅವನು ವೃದ್ಧನ ಕೈಯಿಂದ ಊರುಗೋಲನ್ನು ಕಿತ್ತುಕೊಂಡನು, ಬದಲಿಗೆ ಏನನ್ನೂ ಕೊಡಲಿಲ್ಲ. ಐಸಾಕನು ಮೊದಲು ಕೈಗೆ ಒಂದನ್ನು ಕೊಟ್ಟನು, ಬಳಿಕ ಮೇಲಕ್ಕೆ ಕರೆದನು. ಪಂಡಿತನಿಗೂ ಗುರುವಿಗೂ ಇರುವ ಅಂತರವು ಇಷ್ಟೇ. ಲಿಂಗಾಯತ ಸಾಧಕನಿಗೆ ಗುರುವು ದೀಕ್ಷಾಕಾಲದಲ್ಲಿ ಕರಸ್ಥಲಕ್ಕೆ ಇಷ್ಟಲಿಂಗವನ್ನು ಅನುಗ್ರಹಿಸಿ, ಅಲ್ಲಿಂದ ಪ್ರಾಣಲಿಂಗಕ್ಕೂ ಭಾವಲಿಂಗಕ್ಕೂ ನಡೆಸುವ ಕ್ರಮದಲ್ಲಿ ಈ ಕರುಣೆಯೇ ಅಡಗಿರುವುದು. ಎರಡು ಮಾರ್ಗಗಳೂ ಒಂದೇ ಎಂದು ಇದರ ಅರ್ಥವಲ್ಲ. ಲಿಂಗಾಂಗ ಸಾಮರಸ್ಯವೆಂದು ಶರಣರು ಹೇಳುವ ನಿಲವಿಗೂ, ಸೃಷ್ಟಿಕರ್ತನು ಬೇರೆ, ಸೃಷ್ಟಿಯಾದ ಜೀವನು ಬೇರೆಯೆಂಬ ಭೇದವನ್ನು ಉಳಿಸಿಕೊಂಡೇ ಕೃಪೆಯಿಂದ ಐಕ್ಯವಾಗುವುದೆಂಬ ಕ್ರೈಸ್ತರ ನಿಲವಿಗೂ ವ್ಯತ್ಯಾಸವುಂಟು. ಆ ವ್ಯತ್ಯಾಸವನ್ನು ಮರೆಸುವುದು ಎರಡಕ್ಕೂ ಗೌರವವಲ್ಲ.

ಆ ಪತ್ರದ ಪರಿಣಾಮವೂ ಸ್ಮರಣಾರ್ಹವಾದುದು. ರೂಪವನ್ನು ಬಿಡಲೊಲ್ಲದ ಸಂನ್ಯಾಸಿಗಳು ರೊಚ್ಚಿಗೆದ್ದು ನಗರಕ್ಕೆ ಬರಲು, ಥಿಯೋಫಿಲಸನು ತನ್ನ ಪಕ್ಷವನ್ನೇ ಬದಲಿಸಿ, 400ರಲ್ಲಿ ಇವಾಗ್ರಿಯಸನ ಮಿತ್ರರಾದ ಸಂನ್ಯಾಸಿಗಳನ್ನು ಮರುಭೂಮಿಯಿಂದ ಓಡಿಸಿದನು. ಅಂತರಂಗದ ವಿಷಯವು ಅಧಿಕಾರದ ಕೈಗೆ ಬಿದ್ದಾಗ ಸೋತುದು ಪ್ರಾರ್ಥನೆ.

ಐಸಾಕನ ಆ ವಾಕ್ಯವು ಮಾತ್ರ ಮರಳಿನಲ್ಲಿ ಹೂತುಹೋಗಲಿಲ್ಲ. ಸುಮಾರು 529ರಲ್ಲಿ ಇಟಲಿಯ ಮೊಂಟೆ ಕಸಿನೊ ಬೆಟ್ಟದ ಮೇಲೆ ಮಠವನ್ನು ಕಟ್ಟಿದ ಬೆನೆಡಿಕ್ಟನು ತನ್ನ ನಿಯಮಗ್ರಂಥದಲ್ಲಿ ಹಗಲಿನ ಪ್ರಾರ್ಥನೆಗಳು ಅದೇ ವಾಕ್ಯದಿಂದ ಆರಂಭವಾಗಬೇಕೆಂದು ವಿಧಿಸಿದನು. ಎಪ್ಪತ್ತಮೂರು ಅಧ್ಯಾಯಗಳ ಆ ಗ್ರಂಥವು ಪಶ್ಚಿಮ ಯೂರೋಪಿನ ಮಠಗಳಿಗೆ ಶಾಸನದಂತಾಯಿತು. ಹಗಲು ಏಳು ಬಾರಿ, ಇರುಳು ಒಂದು ಬಾರಿ ಕೂಡಿ ಪ್ರಾರ್ಥಿಸುವುದು. ನಡುವೆ ಕೈಕೆಲಸ ಮತ್ತು ಗ್ರಂಥಪಠನ. ಪ್ರಾರ್ಥನೆಯು ಚಿಕ್ಕದಾಗಿಯೂ ಶುದ್ಧವಾಗಿಯೂ ಇರಬೇಕು. ಉಗ್ರಾಣದವನು ಮಠದ ಪಾತ್ರೆಪಡಗಗಳನ್ನು ಪೂಜಾಪಾತ್ರೆಗಳಂತೆಯೇ ಕಾಣಬೇಕು. ಬಂದ ಅತಿಥಿಯನ್ನು ಕ್ರಿಸ್ತನೆಂದೇ ತಿಳಿದು ಎದುರುಗೊಳ್ಳಬೇಕು. ಪ್ರಾರ್ಥನೆಯನ್ನು ಉಗ್ರಾಣದಿಂದಲೂ ಪಂಕ್ತಿಯಿಂದಲೂ ಬೇರ್ಪಡಿಸದಿರುವುದೇ ಈ ನಿಯಮದ ಬಲವು.

ಪಠನದಿಂದ ಧ್ಯಾನಕ್ಕೆ ಏರುವ ಕ್ರಮವನ್ನು ಹನ್ನೆರಡನೆಯ ಶತಮಾನದಲ್ಲಿ ಎರಡನೆಯ ಗೈಗೊ ಎಂಬವನು ನಿರೂಪಿಸಿದನು. ಬ್ರೂನೊ ಎಂಬವನು 1084ರಲ್ಲಿ ಫ್ರಾನ್ಸಿನ ಪರ್ವತಗಳ ನಡುವೆ ನೆಲೆಗೊಳಿಸಿದ ಶಾರ್ತ್ರೂಸ್ ಮಠಕ್ಕೆ ಇವನು ಒಂಬತ್ತನೆಯ ಅಧಿಪತಿ. ಪಠನ, ಮನನ, ಪ್ರಾರ್ಥನೆ, ದರ್ಶನ ಎಂಬ ನಾಲ್ಕು ಮೆಟ್ಟಿಲುಗಳ ಏಣಿಯನ್ನು ಅವನು ಬಣ್ಣಿಸಿ, ಅದನ್ನು ಊಟಕ್ಕೆ ಹೋಲಿಸಿದನು: ಪಠನವು ತುತ್ತನ್ನು ಬಾಯಿಗಿಡುವುದು, ಮನನವು ಅಗಿಯುವುದು, ಪ್ರಾರ್ಥನೆಯು ರಸವನ್ನು ಪಡೆಯುವುದು, ದರ್ಶನವು ಸವಿಯೇ ಆಗಿರುವುದು. ಸವಿಯನ್ನು ಯಾರೂ ಬಲಾತ್ಕಾರದಿಂದ ತರಲಾರರು. ತುತ್ತನ್ನು ಮಾತ್ರ ತಾನೇ ಅಗಿಯಬೇಕು.

ಸ್ಪೇಯಿನ್ ದೇಶದ ಆವಿಲಾ ನಗರದ ತೆರೇಸಮ್ಮನವರು ಇದನ್ನೇ ಒಕ್ಕಲುತನದ ಮಾತಿನಲ್ಲಿ ಹೇಳಿದರು. 1515ರಲ್ಲಿ ಹುಟ್ಟಿ 1582ರಲ್ಲಿ ನಿಧನ ಹೊಂದಿದ ಈ ಸಾಧ್ವಿಯು 1562ರಲ್ಲಿ ಸಂನ್ಯಾಸಿನಿಯರಿಗಾಗಿ ಹೊಸ ಮಠವನ್ನು ಸ್ಥಾಪಿಸಿದವಳು. ಆತ್ಮವು ಒಂದು ತೋಟ. ಮೊದಮೊದಲು ಸಾಧಕನು ಬಾವಿಯಿಂದ ಕೊಡಗೊಡವಾಗಿ ನೀರು ಸೇದಬೇಕು. ಬೆನ್ನು ಮುರಿಯುವ ದುಡಿತ. ಮುಂದೆ ರಾಟೆಯು ದೊರೆಯುವುದು. ದುಡಿತವು ಕಡಮೆ, ನೀರು ಹೆಚ್ಚು. ಅನಂತರ ಹೊಳೆಯ ನೀರು ಕಾಲುವೆಯಲ್ಲಿ ಹರಿದು ಬರುವುದು. ಕಟ್ಟಕಡೆಗೆ ಮಳೆಯೇ ಸುರಿಯುವುದು. ಅಲ್ಲಿ ತೋಟಗಾರನ ಕೆಲಸವೇನೂ ಇಲ್ಲ. ಆದರೆ ಮಳೆಯನ್ನು ನೆಚ್ಚಿ ಕೊಡವನ್ನು ಬಿಸುಟವನ ತೋಟವು ಒಣಗುವುದೆಂಬುದನ್ನು ಆಕೆಯು ಮರೆಯಲಿಲ್ಲ.

ಸೆರಾಪಿಯನ್ನನ ಪ್ರಶ್ನೆಯು ಆಕೆಯ ಮುಂದೆಯೂ ಬಂದು ನಿಂತಿತು. ಉನ್ನತವಾದ ಧ್ಯಾನಕ್ಕೆ ಏರಿದವರು ಏಸುವಿನ ಮಾನವರೂಪವನ್ನೂ ಬಿಡಬೇಕೆಂದು ಕೆಲವು ಪಂಡಿತರು ಬರೆದಿದ್ದರು. ತಾನೂ ಕೆಲವು ಕಾಲ ಹಾಗೆಯೇ ನಡೆದು ಕೆಟ್ಟೆನೆಂದು ಆಕೆಯು ಒಪ್ಪಿಕೊಂಡು, ಆ ಬೋಧೆಯನ್ನು ತಿರಸ್ಕರಿಸಿದಳು. ದೇಹವುಳ್ಳವರು ದೇವದೂತರಂತೆ ನಟಿಸಬಾರದೆಂಬುದು ಆಕೆಯ ಅಭಿಪ್ರಾಯದ ಸಾರ. ಇನ್ನು, ಧ್ಯಾನವು ನಿಜವೋ ಭ್ರಮೆಯೋ ಎಂಬುದಕ್ಕೆ ಆಕೆಯು ಇಟ್ಟ ಒರೆಗಲ್ಲು ಒಂದೇ. 1577ರಲ್ಲಿ ರಚಿಸಿದ ‘ಅಂತರಂಗದ ಕೋಟೆ’ ಎಂಬ ಗ್ರಂಥದಲ್ಲಿ, ದೇವರಲ್ಲಿ ಪ್ರೇಮವಿರುವುದೋ ಇಲ್ಲವೋ ಖಚಿತವಾಗಿ ತಿಳಿಯಲಾಗದು, ನೆರೆಯವರಲ್ಲಿ ಪ್ರೇಮವಿರುವುದೋ ಇಲ್ಲವೋ ತಿಳಿಯಬಹುದೆಂದು ಆಕೆಯು ತೋರಿಸಿಕೊಟ್ಟಳು. ರೋಗಿಯಾದ ಸೋದರಿಯೊಬ್ಬಳಿಗೆ ನೆರವು ಬೇಕಾದಾಗ, ಧ್ಯಾನದ ಸುಖವು ಕೆಟ್ಟೀತೆಂದು ಅಲುಗದೆ ಕುಳಿತವಳ ಧ್ಯಾನವು ಧ್ಯಾನವಲ್ಲ.

ಈ ಪರಂಪರೆಯು ಭಾರತಕ್ಕೂ ಬಂದಿರುವುದು. 1950ರಲ್ಲಿ ಫ್ರಾನ್ಸಿನ ಇಬ್ಬರು ಸಾಧಕರು, ಮೊನ್ಶನೆ ಮತ್ತು ಅಭಿಷಿಕ್ತಾನಂದರೆಂಬ ಹೆಸರನ್ನು ತಳೆದ ಲ ಸೊ, ತಮಿಳುನಾಡಿನ ಕಾವೇರಿಯ ದಂಡೆಯಲ್ಲಿ ಶಾಂತಿವನವೆಂಬ ಆಶ್ರಮವನ್ನು ಸ್ಥಾಪಿಸಿದರು. 1955ರಲ್ಲಿ ಇಂಗ್ಲೆಂಡಿನಿಂದ ಬಂದ ಬೀಡ್ ಗ್ರಿಫಿತ್ಸರು ಬೆಂಗಳೂರಿನ ಹತ್ತಿರದ ಕೆಂಗೇರಿಯಲ್ಲಿ ಬೆನೆಡಿಕ್ಟನ ನಿಯಮದಂತೆ ಬಾಳತೊಡಗಿದರು. 1958ರಲ್ಲಿ ಕೇರಳದ ಕುರಿಶುಮಲೆಯ ಆಶ್ರಮದ ಸ್ಥಾಪನೆಯಲ್ಲಿ ಪಾಲುಗೊಂಡು, 1968ರಲ್ಲಿ ಶಾಂತಿವನಕ್ಕೆ ಹೋಗಿ ನೆಲೆಸಿದರು. ಕಾವಿಯನ್ನುಟ್ಟು, ನೆಲದ ಮೇಲೆ ಕುಳಿತು, ಈ ನಾಡಿನ ಸಾಧಕರ ಮೌನದಿಂದ ಕಲಿಯಬೇಕೆಂದು ಅವರು ಬಂದರು.

ಮೊಂಟೆ ಕಸಿನೊ ಮಠವು ಆರನೆಯ ಶತಮಾನದಲ್ಲಿ ಲೊಂಬಾರ್ಡರಿಂದ, 883ರಲ್ಲಿ ಸಾರಸೆನ್ನರಿಂದ, 1349ರಲ್ಲಿ ಭೂಕಂಪದಿಂದ, 1944ರ ಫೆಬ್ರವರಿ 15ರಂದು ಯುದ್ಧವಿಮಾನಗಳ ಬಾಂಬುಗಳಿಂದ ಹೀಗೆ ನಾಲ್ಕು ಬಾರಿ ನೆಲಸಮವಾಯಿತು. ನಾಲ್ಕು ಬಾರಿಯೂ ಮರಳಿ ಎದ್ದಿತು. 1964ರಲ್ಲಿ ಪುನಃ ಪ್ರತಿಷ್ಠೆಯಾಯಿತು. ಕಲ್ಲುಗಳು ಉರುಳಿದಾಗಲೂ ಐಸಾಕನ ವಾಕ್ಯವು ಅದನ್ನು ನುಡಿಯುವವರ ನಾಲಗೆಯಲ್ಲಿ ಉಳಿದಿದ್ದುದರಿಂದಲೇ ಗೋಡೆಗಳನ್ನು ಮತ್ತೆ ಎಬ್ಬಿಸುವುದಕ್ಕೆ ಅರ್ಥವಿದ್ದಿತು.

ಶರಣಬಂಧುಗಳೇ, ಮಠದ ಶಿಲಾಕಟ್ಟಡವನ್ನು ಭಕ್ತರ ಕಾಣಿಕೆಯು ಕಟ್ಟೀತು. ಅದರ ಪ್ರಾಣವನ್ನು ಕಾಪಾಡುವುದು ಪ್ರತಿಯೊಬ್ಬ ಶಿಷ್ಯನು ತನ್ನ ಮನೆಯಲ್ಲಿ, ತನ್ನ ಅಂಗೈಯ ಮುಂದೆ, ದಿನವೂ ತಪ್ಪದೆ ಕೂಡುವ ಆ ಒಂದು ಗಳಿಗೆ. ಶಾಸ್ತ್ರವನ್ನು ಬಲ್ಲವರು ಬಾರದವರ ಕೈಯಲ್ಲಿನ ಆಧಾರವನ್ನು ಕಿತ್ತುಕೊಳ್ಳದಿರಲಿ. ಆಧಾರವನ್ನು ಹಿಡಿದವರು ಮೇಲಿನ ಮೆಟ್ಟಿಲನ್ನು ಮರೆಯದಿರಲಿ. ಕುಳಿತವರು ಹಸಿದು ಬಂದವರ ಕರೆಗೆ ಏಳುವಂತಾಗಲಿ. ಪರಶಿವನು ಈ ಮಠದ ಶಿಷ್ಯಕೋಟಿಗೆ ಅಂತಹ ಮನಸ್ಸನ್ನು ಅನುಗ್ರಹಿಸಲಿ.