ಹಾಡಾಗಿ ಉಳಿದ ಹಲಗಲಿ

ಉತ್ತರ ಕರ್ನಾಟಕದ ಜನ ತಮ್ಮ ಚರಿತ್ರೆಯನ್ನು ಲಾವಣಿಯಲ್ಲಿ ಕಾಪಾಡಿದ್ದಾರೆ. 1857ರಲ್ಲಿ ಬ್ರಿಟಿಷರು ಆಯುಧ ಒಪ್ಪಿಸಬೇಕೆಂದಾಗ ಮುಧೋಳ ಸೀಮೆಯ ಹಲಗಲಿಯ ಬೇಡರು ಮಣಿಯಲಿಲ್ಲ. ದಂಡು ಬಂದು ಊರನ್ನು ಸುಟ್ಟಿತು. ಸರ್ಕಾರದ ಕಾಗದಕ್ಕೆ ಅದು ಬರೀ ದಂಗೆ. ಲಾವಣಿಕಾರ ಒಂದೊಂದು ಮನೆಯ ಒಳಹೊಕ್ಕು, ಲೂಟಿಯಾದ ಮೊಸರು, ಬೆಣ್ಣೆ, ಉಪ್ಪು, ಎಣ್ಣೆಯನ್ನೂ ಹೆಸರಿಸಿ ಹಾಡಿದ. ಸೋತವರ ಅಡುಗೆಮನೆ ಯಾವ ದಫ್ತರದಲ್ಲಿಯೂ ಇಷ್ಟು ಹತ್ತಿರದಿಂದ ಕಾಣುವುದಿಲ್ಲ. ಆ ಹಾಡಿನಲ್ಲಿರುವುದು ಕುರ್ತಕೋಟಿ ಕಲ್ಮೇಶನ ಅಂಕಿತ. ಸಂಗ್ರಹಿಸಿ ಅಚ್ಚಿಗೆ ತಂದವನು, ಸೋಜಿಗವೆಂದರೆ, ಬ್ರಿಟಿಷ್ ಅಧಿಕಾರಿ ಜೆ. ಎಫ್. ಫ್ಲೀಟ್.

ಕೆನಡಾದ ಕ್ರೀ ಜನರೂ ಹೀಗೆಯೇ ಹಿರಿಯರ ಬಾಯಿಂದ ಕೇಳಿ ಕಥೆ ಉಳಿಸಿಕೊಂಡವರು. ಅವರ ಕೆಲವು ಪವಿತ್ರ ಕಥೆಗಳನ್ನು ಹೇಳುವುದು ಚಳಿಗಾಲದಲ್ಲಷ್ಟೇ.

ನಾವು ಚಳಿಗಾಲಕ್ಕೆ ಕಾಯಬೇಕಿಲ್ಲ. ಉತ್ತರ ಕರ್ನಾಟಕದ ಮಿಶ್ರಿಕೋಟಿಯಂಥ ಊರುಗಳ ಮನೆಗಳಲ್ಲಿ ಹಳೆಯ ಹಾಡು ಬಲ್ಲ ಅಜ್ಜ, ಅಜ್ಜಿ ಇದ್ದರೆ, ಇವತ್ತು ಸಂಜೆಯೇ ಅವರ ಬಳಿ ಕುಳಿತು ಕೇಳಿ ಬರೆದಿಟ್ಟುಕೊಳ್ಳಬೇಕು.